ಪುಣ್ಯಪಾಪ ಪ್ರಕೃತಿಗಳ ಗಣನೆಯಲ್ಲಿ ನಾಲ್ಕರ ಆಧಿಕ್ಯ

ನೇಮಿಚಂದ್ರ ಸಿದ್ಧಾಂತಚಕ್ರವರ್ತಿಗಳ ಗೋಮ್ಮಟಸಾರದ ಕರ್ಮಕಾಂಡವು ಅಭೇದವಿವಕ್ಷೆಯಲ್ಲಿ ಬಂಧಯೋಗ್ಯ ಪ್ರಕೃತಿಗಳನ್ನು ೧೨೦ ಎಂದು ನಿರ್ಣಯಿಸುತ್ತದೆ. ಅದೇ ವಿವಕ್ಷೆಯಲ್ಲಿ ಪುಣ್ಯಪ್ರಕೃತಿಗಳು ೪೨, ಬಂಧವನ್ನು ಕುರಿತ ಪಾಪಪ್ರಕೃತಿಗಳು ೮೨. ಇವೆರಡನ್ನು ಕೂಡಿದರೆ ೧೨೪ ಆಗುತ್ತದೆ. ಹೆಚ್ಚಾಗಿ ತೋರುವ ಈ ನಾಲ್ಕನ್ನು ಲಿಪಿಕಾರನ ಪ್ರಮಾದವೆಂದು ಬಗೆದು, ೮೨ನ್ನು ೭೮ ಎಂದೋ ೪೨ನ್ನು ೩೮ ಎಂದೋ ತಿದ್ದುವ ಮನಸ್ಸು ಪರಿಷ್ಕರಣಕಾರನಿಗೆ ಬಂದರೆ ಆಶ್ಚರ್ಯವಿಲ್ಲ. ಆದರೆ ಹಾಗೆ ತಿದ್ದಿದೊಡನೆ ಶುದ್ಧಪಾಠವೇ ಕೆಡುತ್ತದೆ.

ಮೊದಲು ೧೨೦ರ ಮೂಲವನ್ನು ನೋಡಬೇಕು. ಉತ್ತರಪ್ರಕೃತಿಗಳು ಒಟ್ಟು ೧೪೮. ಸಮ್ಯಕ್ತ್ವ, ಸಮ್ಯಗ್ಮಿಥ್ಯಾತ್ವಗಳಿಗೆ ಬಂಧವಿಲ್ಲವಾದುದರಿಂದ ಉಳಿದವು ೧೪೬. ಐದು ಬಂಧನ ಮತ್ತು ಐದು ಸಂಘಾತಗಳು ಆಯಾ ಶರೀರನಾಮದಲ್ಲಿ ಅಂತರ್ಭಾವ ಹೊಂದುತ್ತವೆ. ವರ್ಣಾದಿಗಳ ಇಪ್ಪತ್ತು ಭೇದಗಳು ವರ್ಣ, ಗಂಧ, ರಸ, ಸ್ಪರ್ಶವೆಂಬ ನಾಲ್ಕರಲ್ಲಿ ಅಡಗುತ್ತವೆ. ಹತ್ತು ಮತ್ತು ಹದಿನಾರು ಕಳೆದರೆ ೧೨೦. ಇದು ಅಂತರ್ಭಾವದಿಂದಾಗುವ ಇಳಿಕೆ. ೧೨೪ರಿಂದ ೧೨೦ಕ್ಕೆ ಆಗುವ ಇಳಿಕೆಯ ಜಾತಿಯೇ ಬೇರೆ. ಇವೆರಡನ್ನು ಬೆರೆಸಿದಲ್ಲಿಯೇ ಗೊಂದಲ ಹುಟ್ಟುತ್ತದೆ.

ಹೆಸರುಗಳನ್ನೇ ಎಣಿಸಿದರೆ ವಿಷಯ ಸ್ಪಷ್ಟವಾಗುತ್ತದೆ. ಪುಣ್ಯದಲ್ಲಿ ಸಾತಾವೇದನೀಯ, ಮೂರು ಶುಭಾಯುಗಳು, ಉಚ್ಚಗೋತ್ರ ಮತ್ತು ೩೭ ನಾಮಪ್ರಕೃತಿಗಳಿವೆ. ಪಾಪದಲ್ಲಿ ಬಂಧಯೋಗ್ಯವಾದ ೪೫ ಘಾತಿಪ್ರಕೃತಿಗಳು, ಅಸಾತಾವೇದನೀಯ, ನರಕಾಯು, ನೀಚಗೋತ್ರ ಮತ್ತು ೩೪ ನಾಮಪ್ರಕೃತಿಗಳಿವೆ. ವರ್ಣಚತುಷ್ಕವು ೩೭ರಲ್ಲಿಯೂ ಇದೆ, ೩೪ರಲ್ಲಿಯೂ ಇದೆ. ಕೇವಲ ಪುಣ್ಯ ೩೮, ಕೇವಲ ಪಾಪ ೭೮, ಉಭಯಸಾಧಾರಣ ೪, ಒಟ್ಟು ೧೨೦. ಎರಡು ರಾಶಿಗಳಿಗೆ ಸಾಮಾನ್ಯವಾದುದು ಸಂಕಲನದಲ್ಲಿ ಎರಡು ಬಾರಿ ಬರುವುದರಿಂದ ಅದನ್ನು ಒಮ್ಮೆ ಕಳೆಯಬೇಕೆಂಬುದೇ ಇಲ್ಲಿಯ ನ್ಯಾಯ.

ಇಲ್ಲೊಂದು ಆಕ್ಷೇಪ ಏಳುತ್ತದೆ. ತತ್ತ್ವಾರ್ಥಸೂತ್ರದ ಎಂಟನೆಯ ಅಧ್ಯಾಯವು ಪುಣ್ಯವನ್ನು ಹೇಳಿ, ಅದಕ್ಕಿಂತ ಅನ್ಯವಾದುದು ಪಾಪವೆನ್ನುತ್ತದೆ. ಅನ್ಯವೆಂದ ಮೇಲೆ ಉಭಯಸಾಧಾರಣಕ್ಕೆ ಎಡೆಯೆಲ್ಲಿ? ಪೂಜ್ಯಪಾದರ ಸರ್ವಾರ್ಥಸಿದ್ಧಿಯಲ್ಲಿ ಇದಕ್ಕೆ ಪರಿಹಾರವಿದೆ. ೪೨ ಮತ್ತು ೮೨ ಎಂಬ ಸಂಖ್ಯೆಗಳು ಅಲ್ಲಿಯೂ ಇವೆ. ಆದರೆ ಪುಣ್ಯದ ಪಟ್ಟಿಯಲ್ಲಿರುವುದು ಪ್ರಶಸ್ತ ವರ್ಣಾದಿ, ಪಾಪದ ಪಟ್ಟಿಯಲ್ಲಿರುವುದು ಅಪ್ರಶಸ್ತ ವರ್ಣಾದಿ. ಆ ವಿಶೇಷಣವೊಂದೇ ಸೂತ್ರವನ್ನು ಕಾಯುತ್ತದೆ. ಪ್ರಶಸ್ತಾಪ್ರಶಸ್ತ ಭೇದದಿಂದ ಎಣಿಸಿದರೆ ೧೨೪, ಪ್ರಕೃತಿಯ ಹೆಸರಿನಿಂದ ಎಣಿಸಿದರೆ ೧೨೦. ಎರಡೂ ಸರಿಯೇ; ಎಣಿಕೆಯ ಆಧಾರ ಮಾತ್ರ ಬೇರೆ.

ಗೋಮ್ಮಟಸಾರದ ಸಂಖ್ಯೆಗಳು ಭೇದವಿವಕ್ಷೆಯಲ್ಲಿಯೂ ಇದೇ ನ್ಯಾಯದಿಂದ ಹೊಂದುತ್ತವೆ. ಪುಣ್ಯ ೬೮, ಪಾಪ ಬಂಧದಲ್ಲಿ ೯೮, ಉದಯದಲ್ಲಿ ೧೦೦. ಇಲ್ಲಿ ಕಳೆಯಬೇಕಾದುದು ನಾಲ್ಕಲ್ಲ, ಇಪ್ಪತ್ತು: ಬಂಧಕ್ಕೆ ೧೪೬, ಉದಯಕ್ಕೆ ೧೪೮. ಅಭೇದದ ಉದಯದಲ್ಲಿ ಪಾಪ ೮೪ ಆಗಿ ಒಟ್ಟು ೧೨೨. ನಾಲ್ಕು ಕಡೆಯೂ ಲೆಕ್ಕ ತಪ್ಪುವುದಿಲ್ಲ. ಗಾಹೆಯ ಇಕ್ಕಟ್ಟಿನಲ್ಲಿ ಇಷ್ಟನ್ನು ಅಡಗಿಸಿದ್ದು ಸಾಮಾನ್ಯ ಸಾಧನೆಯಲ್ಲ. ಆದರೂ ಸಂಖ್ಯೆಗಳನ್ನಷ್ಟೇ ಎತ್ತಿ ಕೋಷ್ಟಕ ರಚಿಸುವವರು ಉಭಯಸಾಧಾರಣಕ್ಕೆ ಪ್ರತ್ಯೇಕ ಮನೆಯನ್ನು ಬಿಡದಿದ್ದರೆ ಓದುಗನು ದಾರಿ ತಪ್ಪುವುದು ನಿಶ್ಚಿತ.

ಶ್ವೇತಾಂಬರ ಪರಂಪರೆಯ ದೇವೇಂದ್ರಸೂರಿಗಳು ಮೊದಲನೆಯ ಕರ್ಮಗ್ರಂಥದಲ್ಲಿ ವರ್ಣಾದಿ ಇಪ್ಪತ್ತನ್ನು ಹನ್ನೊಂದು ಶುಭ, ಒಂಬತ್ತು ಅಶುಭವೆಂದು ಹಂಚುತ್ತಾರೆ. ಆ ಹಂಚಿಕೆಯಲ್ಲಿ ಯಾವ ಭೇದವೂ ಎರಡು ಕಡೆ ಸೇರುವುದಿಲ್ಲ, ಕಳೆಯಬೇಕಾದುದೂ ಇಲ್ಲ. ಇಪ್ಪತ್ತನ್ನು ನಾಲ್ಕಾಗಿ ಕೂಡಿಸಿದಾಗ ಮಾತ್ರ, ಪ್ರತಿಯೊಂದರಲ್ಲಿಯೂ ಶುಭಾಶುಭಗಳೆರಡೂ ಇರುವುದರಿಂದ, ಸಾಧಾರಣತೆ ಉಂಟಾಗುತ್ತದೆ. ಗೋಮ್ಮಟಸಾರದಲ್ಲಿಯಾದರೋ ಇಪ್ಪತ್ತರಲ್ಲಿ ಪ್ರತಿಯೊಂದೂ ಎರಡು ಕಡೆಗೂ ಸಲ್ಲುತ್ತದೆ. ಆದಕಾರಣ ಈ ಹನ್ನೊಂದು ಒಂಬತ್ತುಗಳನ್ನು ಹಿಡಿದು ಗೋಮ್ಮಟಸಾರದ ಪ್ರತಿಗಳಲ್ಲಿನ ೬೮, ೯೮ಗಳನ್ನು ತಿದ್ದಲಾಗದು.