ಒತ್ತಕ್ಷರ ನಿಲ್ಲುವಷ್ಟು ಜಾಗ

ಮೊನ್ನೆ ಶನಿವಾರ ಕೊಡಿಯಾಲ್‌ಬೈಲ್‌ನಲ್ಲಿ ಒಂದು ಮೆಹೆಂದಿ. ಹಾಲ್‌ನ ದೀಪ ಆರಿಸಿದರು, 'ಇನ್ನು ತುಳು ಹಾಡು ಬರಲಿ' ಎಂಬ ಕೂಗೆದ್ದಿತು. ನಾನು ಡಿಜೆ ಹುಡುಗನ ಪಕ್ಕದಲ್ಲಿದ್ದೆ. ಲ್ಯಾಪ್‌ಟಾಪ್ ಪರದೆ ತುಂಬ ಗುಂಡಿಗಳು. ಹಾಡಿನ ಪಟ್ಟಿಗೆ ಉಳಿದದ್ದು ಕೆಳಗಿನ ನಾಲ್ಕೈದು ಸಾಲು. ಆ ಸಾಲುಗಳಲ್ಲೂ ಒತ್ತಕ್ಷರಗಳ ಕಾಲು ಕತ್ತರಿಸಿಹೋಗಿತ್ತು: 'ಮುತ್ತು' ಇದ್ದದ್ದು 'ಮುತು', 'ಅಕ್ಕ' ಇದ್ದದ್ದು 'ಅಕ'. ಆತ ಬಗ್ಗಿ ಹುಡುಕುವಷ್ಟರಲ್ಲಿ ಕುಣಿಯುತ್ತಿದ್ದವರು ಕುರ್ಚಿಗೆ ಮರಳಿದ್ದರು.

ಡಿಜೆ ತಂತ್ರಾಂಶದ ಪರದೆಯಲ್ಲಿ ಗುಂಡಿ, ಪಟ್ಟಿ, ಬಣ್ಣಗಳ ಜೋಡಣೆಗೆ ಸ್ಕಿನ್ ಎನ್ನುತ್ತಾರೆ. ಅದು ಬರೀ ಅಲಂಕಾರವಲ್ಲ. ಅದು ಅಡುಗೆಮನೆಯ ಡಬ್ಬಿಸಾಲಿನ ಹಾಗೆ. ಕರೆಂಟು ಹೋದರೂ ಸಾಸಿವೆ ಎಲ್ಲಿದೆಯೆಂದು ಕೈಗೆ ಗೊತ್ತಿರಬೇಕು.

ಹುಡುಗ ಬಳಸುತ್ತಿದ್ದುದು ಮಿಕ್ಸ್, ಹೆಸರಿನ ಕೊನೆಗೆ ಮೂರು ಎಕ್ಸ್ ಇರುವ ಮುಕ್ತ ತಂತ್ರಾಂಶ. ಟೂ ಹಾಸ್ಟೆ ಆಂಡರ್ಸನ್ 2001ರಲ್ಲಿ ತಮ್ಮ ಡಾಕ್ಟರೇಟ್ ಅಧ್ಯಯನಕ್ಕೆಂದು ಶುರುಮಾಡಿದ್ದು. ಡೀರ್, ಶೇಡ್, ಟ್ಯಾಂಗೊ, ಲೇಟ್‌ನೈಟ್ ಸ್ಕಿನ್‌ಗಳು ಅದರ ಜೊತೆಗೇ ಉಚಿತವಾಗಿ ಬರುತ್ತವೆ. ನನ್ನ ಮೆಚ್ಚಿನದು ಲೇಟ್‌ನೈಟ್, ಪೇಲ್‌ಮೂನ್ ಬಣ್ಣದಲ್ಲಿ. ಹಿನ್ನೆಲೆ ಕಪ್ಪಾದ್ದರಿಂದ ಪರದೆಯಿಂದ ತಲೆಯೆತ್ತಿದಾಗ ಕತ್ತಲಲ್ಲಿ ಕುಣಿಯುವವರ ಮುಖ ಕಾಣುತ್ತದೆ. ಡಿಜೆ ಓದಬೇಕಾದದ್ದು ಆ ಮುಖಗಳನ್ನೇ.

ಊಟದ ಹೊತ್ತಿಗೆ ಇಬ್ಬರೂ ಕೂತೆವು. ಸ್ಕಿನ್ ಸೆಟ್ಟಿಂಗ್ ತೆರೆದು ಆತ ಮುಟ್ಟದ ಸ್ಯಾಂಪ್ಲರ್, ಎಫೆಕ್ಟ್ ಸಾಲುಗಳನ್ನು ಮರೆಮಾಡಿದೆವು. ಪ್ರಿಫರೆನ್ಸಸ್‌ನ ಲೈಬ್ರರಿ ಪುಟದಲ್ಲಿ ಅಕ್ಷರ ಹಿಗ್ಗಿಸಿ, ಸಾಲಿನ ಎತ್ತರವನ್ನೂ ಏರಿಸಿದೆವು. ಕಾಯಿಲೆಯ ಮೂಲ ಅಲ್ಲಿತ್ತು. ಇಂಗ್ಲಿಷ್ ಅಕ್ಷರ ಪಕ್ಕಕ್ಕೆ ಬೆಳೆಯುತ್ತದೆ, ಕನ್ನಡದ್ದು ಕೆಳಕ್ಕೂ ಇಳಿಯುತ್ತದೆ; ಇಳಿಯಲು ಜಾಗ ಬೇಕು.

"ಹೀಗೂ ಆಗ್ತದಾ ಅಣ್ಣಾ?" ಎಂದ.

ಇನ್ನೂ ಮುಂದೆ ಹೋಗಬಹುದು. ಸ್ಕಿನ್ನಿನ ಫೋಲ್ಡರ್‌ನಲ್ಲಿ ಗುಂಡಿಗಳ ಜಾಗ ಹೇಳುವ ಎಕ್ಸ್‌ಎಂಎಲ್ ಕಡತಗಳು, ಬಣ್ಣ ಹೇಳುವ ಸ್ಟೈಲ್ ಕಡತ, ಗುಂಡಿಗಳ ಚಿತ್ರಗಳು ಇರುತ್ತವೆ. ತಿದ್ದಲು ನೋಟ್‌ಪ್ಯಾಡ್ ಸಾಕು. ಮೂಲವನ್ನು ಮಾತ್ರ ಮುಟ್ಟಬೇಡಿ. ಪ್ರತಿ ಮಾಡಿಕೊಂಡು, ಬೇರೆ ಹೆಸರಿಟ್ಟು ತಿದ್ದಿ. ಅದನ್ನು ಮನೆಯಲ್ಲೇ ಮಾಡಿ, ಕಾರ್ಯಕ್ರಮದ ರಾತ್ರಿ ಬೇಡ.

ಊಟ ಮುಗಿಸಿ ಬಂದ ಹುಡುಗರು ಹುಲಿವೇಷದ ತಾಸೆ ಬೇಕೆಂದರು. ಈ ಸಲ ಆತ ಬಗ್ಗಲಿಲ್ಲ. ಪಟ್ಟಿಯ ಮೇಲೆ ಒಮ್ಮೆ ಕಣ್ಣಾಡಿಸಿ ಡೆಕ್‌ಗೆ ಎಳೆದ. ಮೊದಲ ಪೆಟ್ಟು ಬೀಳುವಾಗ ಅವನ ಕಣ್ಣು ಕುಣಿಯುವವರ ಮೇಲಿತ್ತು.