ಕ್ಲ್ಯಾಪ್ ಹಿಡಿದವನ ಕಣ್ಣು

ನಮ್ಮ ಸುಳ್ಯದ ಆಲೆಟ್ಟಿಯಿಂದ ಬಂದಡ್ಕದ ಕಡೆ ಹೊರಟರೆ ಸ್ವಲ್ಪ ಹೊತ್ತಿಗೇ ಕೇರಳ. ಅದೇ ಅಡಿಕೆ, ಅದೇ ರಬ್ಬರ್, ಬೋರ್ಡಿನ ಅಕ್ಷರ ಮಾತ್ರ ಬೇರೆ. ಹಾಗಾಗಿ 2018ರಲ್ಲಿ ರಿಷಬ್ ಶೆಟ್ಟಿಯವರ ‘ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆ, ಕಾಸರಗೋಡು’ ಬಂದಾಗ ಬೆಂಗಳೂರಿನ ಮಲ್ಟಿಪ್ಲೆಕ್ಸಿನಲ್ಲಿ ಕೂತು ಸಿಳ್ಳೆ ಹೊಡೆದವರಲ್ಲಿ ನಾನೂ ಒಬ್ಬ.

ಮೊನ್ನೆ ಮತ್ತೆ ನೋಡಿದೆ. ಕುಂದಾಪುರದ ಕೆರಾಡಿಯ ಈ ಮನುಷ್ಯ ಹೀರೋ ಆಗಿಯೇ ಬಂದವರಲ್ಲ. ಕ್ಲ್ಯಾಪ್ ಬಾಯ್, ಸಹಾಯಕ ನಿರ್ದೇಶಕ, ಆಮೇಲೆ ‘ತುಘಲಕ್’, ‘ಲೂಸಿಯಾ’, ‘ಉಳಿದವರು ಕಂಡಂತೆ’ಗಳಲ್ಲಿ ಪೋಷಕ ಪಾತ್ರ. 2016ರಲ್ಲಿ ‘ರಿಕ್ಕಿ’, ‘ಕಿರಿಕ್ ಪಾರ್ಟಿ’ ನಿರ್ದೇಶಿಸಿದರು. ಸಹಾಯಕ ನಿರ್ದೇಶಕ ಅಂದರೆ ಫ್ರೇಮಿನಲ್ಲಿರುವ ಎಲ್ಲರನ್ನೂ ನೋಡಿಕೊಂಡು, ತಾನು ಮಾತ್ರ ಫ್ರೇಮಿಗೆ ಬೀಳದೆ ಇರುವವನು. ಕಾಸರಗೋಡಿನ ಸಿನಿಮಾದಲ್ಲಿ ಆ ಕಣ್ಣಿದೆ. ಮಕ್ಕಳ ಗೇಲಿ, ಜಗಳಗಳಿಗೆ ಪುರುಸೊತ್ತಿದೆ. ಅತ್ಯುತ್ತಮ ಮಕ್ಕಳ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಸುಮ್ಮನೆ ಬಂದದ್ದಲ್ಲ.

ಆದರೆ ಅನಂತ್ ನಾಗ್ ಕೋರ್ಟಿನಲ್ಲಿ ಮಾತಿಗೆ ನಿಂತಮೇಲೆ ಮಕ್ಕಳೂ ನಮ್ಮ ಹಾಗೆ ಪ್ರೇಕ್ಷಕರಾಗಿಬಿಡುತ್ತಾರೆ. ಭಾಷಣ ಚೆನ್ನಾಗಿದೆ, ತೊಂದರೆಯೇ ಅದು. ತಪ್ಪೆಲ್ಲ ಎದುರಿನವರದ್ದು, ನಾವು ಚಪ್ಪಾಳೆ ಹೊಡೆದರಾಯ್ತು.

2022ರ ‘ಕಾಂತಾರ’ದಲ್ಲಿ ಇದು ಇನ್ನೂ ಮುಂದೆ ಹೋಯಿತು. ನೇಮ ನೋಡುತ್ತಲೇ ಬೆಳೆದ ನನಗೂ ಅದರ ಕೊನೆ ನೋಡುವಾಗ ಮೈ ಜುಂ ಅಂದದ್ದು ಹೌದು. ಅತ್ಯುತ್ತಮ ನಟ ಪ್ರಶಸ್ತಿ ಸಲ್ಲಲೇಬೇಕಿತ್ತು. ಆದರೆ ಅರಣ್ಯ ಇಲಾಖೆಯ ಯೂನಿಫಾರ್ಮ್ ತೊಟ್ಟು ತನ್ನೂರಿನವರ ಎದುರೇ ನಿಲ್ಲಬೇಕಾದ ಲೀಲಾಳ ಸಂಕಟ ಅರ್ಧಕ್ಕೇ ನಿಂತಿತು. ನಟ ಫ್ರೇಮ್ ತುಂಬಿದ ಹಾಗೆ ನಿರ್ದೇಶಕನ ಕಣ್ಣಿಗೆ ಉಳಿದವರು ಸಣ್ಣಗಾದರು. ಅದರ ಹಿಂದಿನ ವರ್ಷವಷ್ಟೇ ‘ಗರುಡ ಗಮನ ವೃಷಭ ವಾಹನ’ದಲ್ಲಿ ಹರಿಯಾಗಿ, ರಾಜ್ ಬಿ. ಶೆಟ್ಟಿಯವರ ಶಿವನಿಗೆ ಜಾಗ ಬಿಟ್ಟುಕೊಟ್ಟವರೂ ಇದೇ ರಿಷಬ್ ಅಲ್ಲವೇ?

ಇದನ್ನೆಲ್ಲ ಹೇಳಲು ನನಗೆ ಕಾರಣವಿದೆ. ಏಳನೆಯವರೆಗೆ ಊರಿನ ಕನ್ನಡ ಶಾಲೆಯಲ್ಲಿ ಓದಿದವನು ನಾನು. ಸಿಳ್ಳೆ ಹೊಡೆದ ಅದೇ ವರ್ಷ ಮಗಳ ಇಂಗ್ಲಿಷ್ ಮೀಡಿಯಂ ಸೀಟಿಗೆ ಕ್ಯೂ ನಿಂತವನೂ ನಾನೇ. ಕನ್ನಡ ಶಾಲೆಯ ಹಾಜರಿ ಪುಸ್ತಕ ತೆಳ್ಳಗಾಗಲು ಗಡಿಯಾಚೆಯ ಅಧಿಕಾರಿಯೇ ಬೇಕಾಗಿಲ್ಲ, ನನ್ನಂಥ ಅಪ್ಪಂದಿರು ಸಾಕು. ನೀವೂ ಆ ಕ್ಯೂನಲ್ಲಿ ನಿಂತಿರಬಹುದು. ನಮ್ಮನ್ನು ಸಿನಿಮಾ ಕೋರ್ಟಿಗೆ ಕರೆಯಲಿಲ್ಲ, ಸಮಾಧಾನ ಮಾಡಿ ಮನೆಗೆ ಕಳಿಸಿತು.

ರಿಷಬ್ ಮತ್ತೊಮ್ಮೆ ಕ್ಯಾಮೆರಾದ ಹಿಂದೆ ಮಾತ್ರ ನಿಲ್ಲಲಿ. ಈ ಸಲ ಕ್ಯಾಮೆರಾ ನಮ್ಮ ಕಡೆ ತಿರುಗಲಿ. ಸಿಳ್ಳೆ ಹೊಡೆಯುವುದು ಆಗ ಸ್ವಲ್ಪ ಕಷ್ಟವಾದೀತು, ಆಗಲಿ.