ಬೇಡನ ಹಾಡು, ಗುಡಿಯ ನ್ಯಾಯ

ಗೌರಿಬಿದನೂರು, ಚಿಕ್ಕಬಳ್ಳಾಪುರ, ಶಿಡ್ಲಘಟ್ಟ, ಚಿಂತಾಮಣಿಗಳ ಸೀಮೆಯಲ್ಲಿ ಸಂತೆಯ ಮಾತು ಅರ್ಧ ಕನ್ನಡ, ಅರ್ಧ ತೆಲುಗು. ಇಲ್ಲಿಯವರಿಗೆ ಕಾಳಹಸ್ತಿಯ ಕಣ್ಣಪ್ಪ ಪರದೇಶದವನಲ್ಲ. ಅವನ ಕಥೆಯನ್ನು ಎಚ್. ಎಲ್. ಎನ್. ಸಿಂಹ ಅವರು 1954ರಲ್ಲಿ ಎರಡು ಭಾಷೆಗಳಲ್ಲಿಯೂ ತೆರೆಗೆ ತಂದರು: ಕನ್ನಡದಲ್ಲಿ ‘ಬೇಡರ ಕಣ್ಣಪ್ಪ’, ತೆಲುಗಿನಲ್ಲಿ ‘ಕಾಳಹಸ್ತಿ ಮಹಾತ್ಮ್ಯಂ’. ಗುಬ್ಬಿ ಕಂಪನಿಯಲ್ಲಿ ಪಳಗಿದ ಮುತ್ತುರಾಜ ಎಂಬ ನಟ ರಾಜಕುಮಾರರಾದದ್ದು ಈ ಕನ್ನಡ ಚಿತ್ರದಿಂದ. ತೆಲುಗಿನದು ಆ ಭಾಷೆಯಲ್ಲಿ ಅವರ ಏಕೈಕ ಚಿತ್ರ.

ಕನ್ನಡ ಚಿತ್ರದ ಮೈತುಂಬ ನಾಟಕದ ವಾಸನೆಯಿದೆ. ಪಾತ್ರಧಾರಿಗಳು ನಿಂತು ಮಾತಾಡಿ, ಆಮೇಲೆ ಹಾಡಿಗೇರುತ್ತಾರೆ. ಕ್ಯಾಮರಾ ಬಹುಮಟ್ಟಿಗೆ ಮುಂದಿನ ಸಾಲಿನ ಪ್ರೇಕ್ಷಕನಂತೆ ಕದಲದೆ ಕುಳಿತಿರುತ್ತದೆ. ಆದರೆ ಹಸಿದ ದಿಣ್ಣ ಶಿವನನ್ನು ತಂದೆಯೆಂದು ಕೂಗಿ ಹಾಡತೊಡಗಿದಾಗ ಈ ಆಕ್ಷೇಪಣೆ ಮರೆತುಹೋಗುತ್ತದೆ. ಮಂತ್ರ ಬಾರದವನಿಗೆ ಹಾಡಲ್ಲದೆ ಬೇರೆ ಮಾತಿಲ್ಲ. ಆರ್. ಸುದರ್ಶನಂ ಅವರ ಸಂಗೀತ ಇಲ್ಲಿ ಕಥೆಗೆ ತೊಡಿಸಿದ ಒಡವೆಯಲ್ಲ, ಕಥೆಯ ಉಸಿರು. ಮೈ ರಾಜಕುಮಾರರದು, ಕಂಠ ಸಿ. ಎಸ್. ಜಯರಾಮನ್ ಅವರದು; ಎರಡೂ ಚೆನ್ನಾಗಿ ಹೊಂದಿವೆ. ಆದರೂ ರಂಗದ ಮೇಲೆ ಬೆಳೆದ ನಟನ ಸ್ವಂತ ಕಂಠವೇ ಕೇಳಿಬಂದಿದ್ದರೆ ಎಂಬ ಕೊರಗು ನಮಗೆ ಉಳಿಯುತ್ತದೆ. ನೀಲಳಾಗಿ ಪಂಢರೀಬಾಯಿಯವರದು ಹದವರಿತ ಅಭಿನಯ.

ಹರಿಹರನ ರಗಳೆಯಿಂದ ಕನ್ನಡಿಗರು ಬಲ್ಲ ಕಣ್ಣಪ್ಪನದು ಭಕ್ತಿಯ ಕಥೆ. ಚಿತ್ರ ಅದಕ್ಕೆ ಕಳವಿನ ಎಳೆಯೊಂದನ್ನು ಹೆಣೆದಿದೆ. ಗುಡಿಯ ಒಡವೆ ಕದ್ದ ಅಪವಾದ ಬೇಡನ ತಲೆಗೆ ಬರುತ್ತದೆ, ಏಟೂ ಅವನಿಗೇ. ಮಾಂಸದ ನೈವೇದ್ಯವಿಟ್ಟವನು ಕಳ್ಳನೂ ಆಗಿರಬೇಕೆಂದು ನಂಬುವುದು ಸುಲಭ. ಸಂವಿಧಾನ ಜಾರಿಗೆ ಬಂದು ನಾಲ್ಕೇ ವರ್ಷವಾಗಿದ್ದಾಗ ಇದು ಬರಿಯ ಪುರಾಣವಾಗಿರಲಿಲ್ಲ, ಇಂದಿಗೂ ಅಲ್ಲ.

ಚಿತ್ರದ ದೊಡ್ಡ ಕೊರತೆಯೂ ಇಲ್ಲಿಯೇ. ಕಣ್ಣು ಕಿತ್ತಿಟ್ಟವನಿಗೆ ಶಿವ ಒಲಿಯುತ್ತಾನೆ, ಸರಿ. ಏಟು ತಿಂದವನಿಗೆ ಊರು ಸಲ್ಲಿಸಬೇಕಾದ ನ್ಯಾಯದ ಮಾತು ಪವಾಡದ ಬೆಳಕಿನಲ್ಲಿ ಮಂಕಾಗಿಬಿಡುತ್ತದೆ. ದೇವರು ತೀರಿಸಿದ ಸಾಲವನ್ನು ಮನುಷ್ಯರು ತೀರಿಸಿದಂತಾಯಿತೆ? ಹಸಿವಿನ ಆ ಹಾಡು ಮಾತ್ರ ಈ ಪ್ರಶ್ನೆಯನ್ನು ನಮ್ಮ ಕಿವಿಯಲ್ಲಿ ಉಳಿಸುತ್ತದೆ.

ಮತ್ತೆ ನೋಡುವವರು ಪವಾಡಕ್ಕಿಂತ ಹೆಚ್ಚಾಗಿ ಹಾಡಿಗಾಗಿ ನೋಡಲಿ. ನಮ್ಮ ಗಡಿಸೀಮೆಯವರು ಕನ್ನಡ, ತೆಲುಗು ಎರಡನ್ನೂ ಪಕ್ಕಪಕ್ಕದಲ್ಲಿಟ್ಟು ನೋಡಬಹುದು. ಅರ್ಥ ಹೇಳಿಕೊಡುವವರು ಅವರಿಗೆ ಬೇಕಿಲ್ಲ.